ಐವತ್ತನಾಲ್ಕು ಗ್ರೇಡಿನ ಹಿತ್ತಲು

೯ ಜನವರಿ ೨೦೦೬, ಸೋಮವಾರ

ಈ ಡೈರಿ ಯಾರೋ ಲಾರಿ ಮಾಲೀಕರು ಹೊಸ ವರ್ಷಕ್ಕೆಂದು ನಮ್ಮ ಯಜಮಾನರಿಗೆ ಕೊಟ್ಟದ್ದು. ರಟ್ಟಿನ ಮೇಲೆ ಅದಿರು ತುಂಬಿದ ಲಾರಿಯ ಚಿತ್ರವಿದೆ. ಚಿತ್ರದಲ್ಲಾದರೂ ಅದಕ್ಕೆ ತಾಡಪಾಲು ಹೊದಿಸಿದ್ದಾರೆ, ಪುಣ್ಯಾತ್ಮರು. ಯಜಮಾನರಾದ ಹಾಲೇಶ್ ಅವರಿಗೆ ಬರೆದಿಡುವಂಥ ವಿಚಾರಗಳು ಬರುವ ಅಭ್ಯಾಸವಿಲ್ಲ, ಹಾಗಾಗಿ ಡೈರಿ ನನ್ನ ಪಾಲಾಯಿತು. ಮನೆಯಲ್ಲಿ ಬಾಯಿಬಿಟ್ಟು ಹೇಳಲಾಗದ್ದನ್ನೆಲ್ಲ ಇಲ್ಲಿ ಹೇಳಿಕೊಳ್ಳಬಹುದು.

ಮೊದಲ ದಿನವೇ ಶುಭ ಸಮಾಚಾರ: ಇವತ್ತು ಬೆಳಿಗ್ಗೆ ದೇವರೆದುರು ಸುಳ್ಳು ಹೇಳಿ ಬಂದೆ.

ನಮ್ಮ ಓಣಿಯ ಈಶ್ವರನ ಗುಡಿಗೆ ಸೋಮವಾರದ ಹಾರ ಮರುಳಸಿದ್ದಮ್ಮನವರ ಹಿತ್ತಲಿನಿಂದಲೇ ಹೋಗಬೇಕು. ಮರುಳಸಿದ್ದಮ್ಮನವರೆಂದರೆ ನಮ್ಮ ಅತ್ತೆಮ್ಮ. ನಾನು ಈ ಮನೆಗೆ ಸೊಸೆಯಾಗಿ ಬರುವುದಕ್ಕೂ ಮೊದಲಿನಿಂದ ನಡೆದುಬಂದ ಪದ್ಧತಿ ಇದು. ಹೊಸಪೇಟೆಯಲ್ಲಿ ಯಾರು ಶಾಸಕರಾದರೂ ಸರಿ, ಸೋಮವಾರದ ಹಾರ ಮಾತ್ರ ಅತ್ತೆಮ್ಮನದೇ. ಆದರೆ ದೀಪಾವಳಿಯಿಂದೀಚೆಗೆ ಹಿತ್ತಲು ಒಂದು ಹೂವನ್ನೂ ಬಿಟ್ಟಿಲ್ಲ. ಹಾಗಂತ ಒಪ್ಪಿಕೊಳ್ಳಲಾದೀತೆ? ಭಾನುವಾರ ಸಂಜೆ ನಾನು ಮಾರ್ಕೆಟ್ಟಿಗೆ ಹೋಗಿ ಮೆಂತ್ಯ ಸೊಪ್ಪಿನ ಕೆಳಗೆ ಹೂ ಬಚ್ಚಿಟ್ಟು ತರುತ್ತೇನೆ. ಅವರು ಬಾಗಿಲು ಹಾಕಿಕೊಂಡು ಕಟ್ಟುತ್ತಾರೆ. ಅವರಿಗೆ ಮೊಣಕಾಲು ನೋವು, ಗುಡಿಯ ಮೆಟ್ಟಿಲು ಹತ್ತಲಾರರು. ಆದ್ದರಿಂದ ಒಯ್ಯುವವಳೂ ನಾನೇ.

“ಹಿತ್ತಲದ್ದೇನವ್ವ?” ಎಂದು ಪೂಜೆ ಮಾಡುವ ಅಯ್ನೋರು ಪ್ರತಿ ವಾರ ಕೇಳುತ್ತಾರೆ.

“ಹೂಂರಿ, ಹಿತ್ತಲದ್ದ.”

ಪಾಪ ಅತ್ತೆಮ್ಮನ ಖಾತೆಗೋ ನನ್ನ ಖಾತೆಗೋ, ಮೇಲೆ ಹೋದಾಗ ತಿಳಿಯುತ್ತದೆ.

೧೪ ಜನವರಿ, ಶನಿವಾರ

ಸಂಕ್ರಾಂತಿ. ಎಳ್ಳು ಕೊಡಲು ಬಾಜೂಮನೆ ಹಂಪಕ್ಕ ಬಂದಿದ್ದಳು. ಎಳ್ಳು ಕೊಟ್ಟು ಒಳ್ಳೆಯ ಮಾತಾಡುವ ಹಬ್ಬ. ಅತ್ತೆಮ್ಮ ಹಳದಿ ತಿರುಗಿದ ಮಲ್ಲಿಗೆ ಬಳ್ಳಿ ತೋರಿಸಿ ಒಳ್ಳೆಯ ಮಾತಾಡಿದರು.

“ನನ್ನ ಕೈಯಾಗ ಇರೋಮಟ ಗಿಡ ಹೆಂಗಿದ್ವು, ನೀನ ನೋಡೀಯಲ್ಲ. ಈಗ ಸೊಸಿ ನೀರ ಹಾಕ್ತಾಳ. ಕೈಗುಣ ಅಂತ ಒಂದ ಇರ್ತೈತಲ್ಲವ್ವ.”

ಹಂಪಕ್ಕ ತಲೆಯಾಡಿಸಿದಳು. ನಾನು ನೀರು ಹಾಕುವುದು ಪೈಪಿನಿಂದ. ಕೈಗುಣವೇನಾದರೂ ಇದ್ದರೆ ಅದು ಪೈಪಿನದು. ಆದರೆ ಹಬ್ಬದ ದಿನ ಜಗಳ ಯಾಕೆಂದು ಹಂಪಕ್ಕನಿಗೆ ಇನ್ನೊಂದು ಹಿಡಿ ಎಳ್ಳು ಕೊಟ್ಟೆ.

ನಿಜ ಹೇಳಬೇಕೆಂದರೆ ಆ ಹಿತ್ತಲು ಪೂರ್ತಿ ಒಣಗಿದರೆ ನನಗೇನೂ ದುಃಖವಿಲ್ಲ. ಕಡಪ ಬಂಡೆ ಹಾಸಿ, ಬಟ್ಟೆ ಒಗೆಯಲು ಒಂದು ಕಟ್ಟೆ ಕಟ್ಟಿಸಿದರೆ ಸೊಂಟ ಉಳಿಯುತ್ತದೆ. ಒಣಗಲಿ, ಆದರೆ ನನ್ನ ಹೆಸರಿನಲ್ಲಿ ಒಣಗುವುದು ಬೇಡ.

ತಂಗಿ ಸ್ಫೂರ್ತಿ ಹಬ್ಬಕ್ಕೆ ಬಂದಿದ್ದಾಳೆ. ರಾಯಚೂರಿನ ಕೃಷಿ ಕಾಲೇಜಿನಲ್ಲಿ ಓದುತ್ತಾಳೆ. ಅವಳು ಎಲೆಯೊಂದನ್ನು ಬಿಸಿಲಿಗೆ ಹಿಡಿದು ನೋಡಿದಳು. ಎಲೆ ಹಳದಿ, ನರ ಮಾತ್ರ ಹಸಿರು.

“ಅಕ್ಕಾ, ಕೈಗುಣಕ್ಕ ಟೆಸ್ಟ್ ಇಲ್ಲ. ಮಣ್ಣಿಗೆ ಐತಿ. ಮಾಡಸೋಣು.”

ಮಾಡಿಸುತ್ತೇನೆ. ನಿರಪರಾಧಿ ಎಂದು ಕಾಗದದ ಮೇಲೆ ಬರಲಿ. ಆ ಕಾಗದಕ್ಕೆ ಕಟ್ಟು ಹಾಕಿಸಿ ನಡುಮನೆಯಲ್ಲಿ ತೂಗುಹಾಕುತ್ತೇನೆ.

೧೫ ಜನವರಿ, ಭಾನುವಾರ

ಮಣ್ಣು ತೆಗೆಯುವುದಕ್ಕೂ ಶಾಸ್ತ್ರವಿದೆ. ಮೇಲಿನ ಧೂಳು, ಕಸ ಕೆರೆದು ಬಿಸಾಡಬೇಕು. ಗೇಣುದ್ದ ಗುಂಡಿ ತೋಡಿ, ಗುಂಡಿಯ ಗೋಡೆಯಿಂದ ಮೇಲಿನಿಂದ ಕೆಳಗಿನವರೆಗೆ ಒಂದು ಪದರ ಕೆತ್ತಿಕೊಳ್ಳಬೇಕು. ಹೀಗೆ ಹಿತ್ತಲಿನ ನಾಲ್ಕಾರು ಕಡೆ ತೆಗೆದು, ಬೆರೆಸಿ, ನೆರಳಲ್ಲಿ ಒಣಗಿಸಬೇಕು. ಸ್ಫೂರ್ತಿ ಹೇಳುತ್ತಾ ನಿಂತಳು, ನಾನು ತೋಡಿದೆ. ವಿದ್ಯಾವಂತರು ಇರುವುದೇ ಅದಕ್ಕೆ.

ಅತ್ತೆಮ್ಮ ಅವತ್ತಿನ ಬೂದಿಯ ಬುಟ್ಟಿ ಹಿಡಿದು ಬಂದರು. ನಮ್ಮ ಮನೆಯಲ್ಲಿ ಗೀಜರ್ ನಿಷಿದ್ಧ. ಸ್ನಾನದ ನೀರು ಹಂಡೆ ಒಲೆಯಲ್ಲೇ ಕಾಯಬೇಕು, ಅದೂ ಜಾಲಿ ಕಟ್ಟಿಗೆಯಿಂದ. ಆ ಬೂದಿಯನ್ನು ದಿನಾ ಗಿಡಗಿಡದ ಬುಡಕ್ಕೂ ಹಿಡಿಹಿಡಿ ಹಾಕುತ್ತಾರೆ. “ಗಿಡಕ್ಕೂ ವಿಭೂತಿ ಬೇಕಲ್ಲ” ಎನ್ನುತ್ತಾರೆ. ನಾವು ತೋಡಿದ ಗುಂಡಿಗಳನ್ನು ಮುಚ್ಚಿ ಅವುಗಳ ಮೇಲೂ ಒಂದೊಂದು ಹಿಡಿ ಹಾಕಿ ಹೋದರು.

ನಮ್ಮ ಯಜಮಾನರು ಹಲ್ಲುಜ್ಜುತ್ತಾ ಇದನ್ನೆಲ್ಲ ನೋಡಿದರು.

“ರಾಯಚೂರಿಗ್ಯಾಕ ಒಯ್ತೀರಿ? ನಮ್ಮ ಅಂಗಡಿ ಬಾಜೂಕ ಲ್ಯಾಬ್ ಐತಿ. ಮುಂಜಾನೆ ಕೊಟ್ರ ಸಂಜಿಗೆ ರಿಪೋರ್ಟ್.”

“ಅದು ಅದಿರಿನ ಲ್ಯಾಬ್ ರೀ.”

“ಮಣ್ಣ ಮಣ್ಣ ಅಲ್ಲೇನು? ಅದಿರೇನು ಆಕಾಶದಿಂದ ಬರ್ತೈತಾ?”

ಇವರದು ತಾಡಪಾಲಿನ ಅಂಗಡಿ. ಲಾರಿಗಳಿಗೆ ತಾಡಪಾಲು, ಹಗ್ಗ ಮಾರುತ್ತಾರೆ. ಲಾರಿಯವರು ಕೊಳ್ಳುವುದೇನೋ ಕೊಳ್ಳುತ್ತಾರೆ, ಚೆಕ್‌ಪೋಸ್ಟ್ ಕಂಡಾಗ ಹೊದಿಸಿ, ದಾಟಿದ ಕೂಡಲೇ ಸುತ್ತಿಡುತ್ತಾರೆ. ಹಾಳಾಗದಂತೆ ಕಾಪಾಡಿಕೊಳ್ಳುವುದು ಅಂದರೆ ಹೀಗೆ. ನಮ್ಮ ಮನೆ ಅದಿರು ಲಾರಿಗಳು ಓಡಾಡುವ ಸಂಡೂರು ರಸ್ತೆಯ ಮೇಲೇ ಇದೆ. ಮಾಳಿಗೆಯ ಮೇಲೆ ಒಣಹಾಕಿದ ಬಿಳಿ ಪಂಚೆ ಸಂಜೆಗೆ ಕಾವಿಯಾಗುತ್ತದೆ. ಈ ಓಣಿಯಲ್ಲಿ ಸನ್ಯಾಸ ತೆಗೆದುಕೊಳ್ಳುವುದು ಬಹಳ ಸುಲಭ.

೧೯ ಜನವರಿ, ಗುರುವಾರ

ನಮ್ಮ ಮನೆಯಲ್ಲಿ ಗಣಿ ಸಿಕ್ಕಿದೆ.

ನಗಬಾರದು. ಯಜಮಾನರು ನನ್ನನ್ನು ಕೇಳದೆ, ಹಿತ್ತಲಿನ ರಸ್ತೆ ಕಡೆಯ ಕಾಂಪೌಂಡ್ ಬುಡದಲ್ಲಿ ಗುಡ್ಡೆಯಾಗಿದ್ದ ಮಣ್ಣನ್ನು ಕಸದ ಮೊರದಿಂದ ಗೋರಿ ಲ್ಯಾಬಿಗೆ ಕೊಟ್ಟಿದ್ದರು. ಕೆರೆದು ಬಿಸಾಡಬೇಕಾದದ್ದು ಯಾವುದೋ ಅದನ್ನೇ ಆರಿಸಿ ಒಯ್ದಿದ್ದರು. ಸಂಜೆ ರಿಪೋರ್ಟ್ ಹಿಡಿದು ಓಡುತ್ತಾ ಬಂದರು. ಮದುವೆಯಾದ ಮೇಲೆ ಇವರು ಓಡಿದ್ದನ್ನು ನೋಡಿದ್ದು ಇದೇ ಮೊದಲು.

“ಕಬ್ಬಿಣ ನೂರಕ್ಕ ಐವತ್ತನಾಲ್ಕು! ಯವ್ವಾ, ನಮ್ಮ ಹಿತ್ತಲದಾಗ ಐವತ್ತನಾಲ್ಕು ಗ್ರೇಡ್ ಮಾಲು! ಈಗ ಇದೂ ಚೀನಾಕ್ಕ ಹೋಗ್ತೈತಿ.”

“ಮತ್ತ ಮಲ್ಲಿಗಿಗೆ ಏನ ಬ್ಯಾನಿ ಅಂತ ಬರದಾರ?” ಎಂದರು ಅತ್ತೆಮ್ಮ.

ಅದನ್ನು ಬರೆದಿರಲಿಲ್ಲ.

೨೩ ಜನವರಿ, ಸೋಮವಾರ

ಗುಡಿಯಲ್ಲಿ ಮಾಮೂಲಿ ಸುಳ್ಳು.

ಸಂಜೆ ಕಾಂಟ್ರಾಕ್ಟರ್ ಜಂಬುನಾಥ್ ಬಂದ. ಇವನ ಲಾರಿಗಳು ನಮ್ಮ ಮನೆ ಮುಂದೆಯೇ ಓಡಾಡುತ್ತವೆ. ಊರ ಸುತ್ತ ಹೊಲ ಇದ್ದವರಿಂದ ಗುತ್ತಿಗೆ ಹಿಡಿದು ಅದಿರು ತೋಡಿಸುತ್ತಾನೆ. ಮೊದಲು ಸೈಕಲ್ ಮೇಲೆ ಸೊಪ್ಪು ಮಾರುತ್ತಿದ್ದ, ಈಗ ಸ್ಕಾರ್ಪಿಯೋದಿಂದ ಇಳಿಯುವಾಗಲೂ ಬಾಗಿಲು ತೆಗೆಯಲು ಒಬ್ಬ ಬೇಕು. ಹಿತ್ತಲಿನ ಕೆಂಪು ಧೂಳನ್ನು ಬೆರಳಿನಿಂದ ಉಜ್ಜಿ, ಮೂಸಿ, “ಮಾಲು ಐತಿ ಬಿಡ್ರಿ” ಎಂದ. ಹೆಣ್ಣು ನೋಡಲು ಬಂದವರು ಒಪ್ಪಿಗೆ ಹೇಳಿದಂತಿತ್ತು. ಶಿವರಾತ್ರಿಗೆ ಮುಂಚೆ ಕರಾರು, ಆಮೇಲೆ ಜೆಸಿಬಿ. ಹಿತ್ತಲು ಹದಿನೈದು ಅಡಿ ಕೆಳಗೆ ಹೋಗುತ್ತದೆ, ನಾವು ಎರಡು ಅಂತಸ್ತು ಮೇಲೆ ಹೋಗುತ್ತೇವೆ.

ಜಾಗ ಅತ್ತೆಮ್ಮನ ಹೆಸರಲ್ಲಿದೆ. ರುಜು ಅವರದೇ ಆಗಬೇಕು. ಅವರು ಕೊನೆಯ ಉಸಿರಿರುವವರೆಗೂ ಒಪ್ಪುವುದಿಲ್ಲವೆಂದು ನಾನು ನೆಮ್ಮದಿಯಿಂದ ಚಹಾ ಸೋಸುತ್ತಿದ್ದೆ.

“ಆತು ತಗೋ, ಹಾಕ್ತೀನಿ” ಎಂದರು.

ಚಹಾ ಚೆಲ್ಲಿತು.

೩೦ ಜನವರಿ, ಸೋಮವಾರ

ಒಂದು ವಾರದಿಂದ ಅತ್ತೆಮ್ಮ ಹಿತ್ತಲಿಗೆ ಕಾಲಿಟ್ಟಿಲ್ಲ. ಬೂದಿ ಬುಟ್ಟಿಯನ್ನೂ ಬಚ್ಚಲ ಮೂಲೆಯಲ್ಲೇ ಬಿಟ್ಟಿದ್ದಾರೆ. ಇವತ್ತು ಹಾರ ಕಟ್ಟುವಾಗ, ಕೇಳಬಾರದೆಂದುಕೊಂಡೇ ಕೇಳಿದೆ.

“ಯಾಕ ಒಪ್ಪಿದ್ರಿ ಅತ್ತೀ?”

ಅವರು ದಾರ ಹಲ್ಲಿನಿಂದ ಕಡಿದರು. “ಸಂತಿ ಹೂವ ತಂದು ನಮ್ಮದು ಅಂತ ಎಷ್ಟ ದಿವಸ ಏರಿಸಲಿ? ಹೂವ ಬಿಡದ ಹಿತ್ತಲ ಇದ್ದರ ಎಷ್ಟು, ಹ್ವಾದರ ಎಷ್ಟು. ಹಿತ್ತಲ ತೋಡಿಸಿದ್ವಿ ಅಂದ್ರ ಅಯ್ನೋರು ಹಾರ ಯಾಕಿಲ್ಲ ಅಂತ ಕೇಳಂಗಿಲ್ಲ. ಗಿಡ ಸತ್ತು ಅಂದ್ರ ಕೇಳ್ತಾರ.”

ನನಗೆ ಖುಷಿಯಾಗಬೇಕಿತ್ತು. ಬಟ್ಟೆ ಒಗೆಯಲು ಕಟ್ಟೆಯೇನು, ಬಟ್ಟೆ ಒಗೆಯುವ ಮೆಷಿನ್ನೇ ಬರುತ್ತದೆ.

ಆದರೂ ಸಂಜೆ ಮಲ್ಲಿಗೆಗೆ ನೀರು ಹಾಕಿದೆ. ಪೈಪು ಅಲ್ಲೇ ಬಿದ್ದಿತ್ತು, ಅದಕ್ಕೆ.

೪ ಫೆಬ್ರವರಿ, ಶನಿವಾರ

ರಾಯಚೂರಿನ ರಿಪೋರ್ಟ್ ಅಂಚೆಯಲ್ಲಿ ಬಂತು. ಮಣ್ಣಿನ ಪಿಎಚ್ ಎಂಟು ಪಾಯಿಂಟ್ ಎಂಟು. ಸಾವಯವ ಅಂಶ ಕಡಿಮೆ. ಅದರ ಕೆಳಗೆ, ಗಿಡಕ್ಕೆ ಸಿಗುವ ಕಬ್ಬಿಣ: ಕೊರತೆ.

ಕೊರತೆ! ಹೊಸಪೇಟೆಯಲ್ಲಿ! ಸೀನಿದರೆ ಕಬ್ಬಿಣ ಬರುವ ಊರಿನಲ್ಲಿ!

ಸ್ಫೂರ್ತಿಗೆ ಫೋನ್ ಮಾಡಿದೆ. ಹಾಸ್ಟೆಲ್ ಫೋನಿನಲ್ಲಿ ಅವಳು ಮಾತಾಡುವುದಿಲ್ಲ, ಒದರುತ್ತಾಳೆ. ರಿಸೀವರ್ ಅನ್ನು ಕಿವಿಯಿಂದ ಒಂದು ಮೊಳ ದೂರ ಹಿಡಿಯಬೇಕು.

“ಪಿಎಚ್ ಏಳು ಇದ್ರ ನಡುವಿನದು ಅಕ್ಕಾ. ಏಳಕ್ಕಿಂತ ಕೆಳಗ ಬಂದ್ರ ಹುಳಿ, ಮ್ಯಾಲ ಹೋದ್ರ ಕ್ಷಾರ. ನಿಮ್ಮದು ಭಾಳ ಮ್ಯಾಲ ಹೋಗೇತಿ. ಕ್ಷಾರ ಮಣ್ಣಾಗ ಕಬ್ಬಿಣ ಇದ್ರೂ ಕರಗಂಗಿಲ್ಲ, ಬೇರಿಗೆ ಎಟುಕಂಗಿಲ್ಲ. ಅಟ್ಟದ ಮ್ಯಾಲ ಅಕ್ಕಿ ಚೀಲ ಐತಿ, ಏಣಿ ಇಲ್ಲ. ಹಂಗ.”

“ಕ್ಷಾರ ಎಲ್ಲಿಂದ ಬಂತು?”

“ಬೋರಿನ ನೀರು ಒಂದು. ಅದಕ್ಕಿಂತ ದೊಡ್ಡದು ಬೂದಿ! ನಿಮ್ಮ ಅತ್ತಿ ಬೂದಿ! ವರ್ಷಾನುಗಟ್ಟಲೆ ದಿನಾ ಸುರುವ್ಯಾರಲ್ಲ! ವರ್ಷಕ್ಕೊಮ್ಮೆ ಒಂದ ಹಿಡಿ ಸಾಕಿತ್ತು!”

ರಿಸೀವರ್ ಇಟ್ಟು ರಿಪೋರ್ಟನ್ನು ಇನ್ನೊಮ್ಮೆ ಓದಿದೆ. ಕೈಗುಣ. ಯಾರ ಕೈಗುಣ ಎಂದು ಈಗ ಕಾಗದದ ಮೇಲೆ ಬಂದಿದೆ. ಹಂಪಕ್ಕನನ್ನು ಕರೆಸಬೇಕು. ಸಾಧ್ಯವಾದರೆ ಮೈಕ್ ಕಟ್ಟಿಸಬೇಕು.

೫ ಫೆಬ್ರವರಿ, ಭಾನುವಾರ

ಬೆಳಿಗ್ಗೆ ರಿಪೋರ್ಟ್ ಹಿಡಿದೇ ಬಚ್ಚಲ ಕಡೆ ಹೋದೆ. ಮಾತನ್ನು ರಾತ್ರಿಯೇ ಸಿದ್ಧಮಾಡಿಕೊಂಡಿದ್ದೆ, ನಡುವೆ ಎಲ್ಲಿ ನಿಲ್ಲಬೇಕು, ಎಲ್ಲಿ ನಗಬೇಕು ಎನ್ನುವುದು ಸಮೇತ. ಅತ್ತೆಮ್ಮ ಒಲೆ ಮುಂದೆ ಕೂತು ಬೂದಿ ಜರಡಿ ಹಿಡಿಯುತ್ತಿದ್ದರು. ನುಣ್ಣಗಿನದರಲ್ಲಿ ಒಂದು ಚಿಟಿಕೆ ಹಣೆಗೆ ಹಚ್ಚಿಕೊಂಡರು.

“ಇವತ್ತೊಂದ ದಿವಸ ಹಾಕಿ ಬರ್ತೀನಿ” ಎಂದರು. “ಹೆಂಗೂ ಹೋಗೋ ಗಿಡ. ಉಪಾಸ ಕಳಿಸೋದು ಬ್ಯಾಡ.”

ಸಿದ್ಧಮಾಡಿಕೊಂಡ ಮಾತು ಬಾಯಿಗೆ ಬರಲಿಲ್ಲ. ಬಂದದ್ದು ಬೇರೆ.

“ಅತ್ತೀ, ಆ ಬೂದಿ ನನಗ ಬೇಕ್ರಿ. ಪಾತ್ರಿ ತೊಳಿಯೋ ಸೋಪು ಕೈಗೆ ಆಗವಲ್ದು, ತುರಿಕಿ. ಇನ್ಮ್ಯಾಗ ಬೂದಿಲೇ ತಿಕ್ತೀನಿ. ಎಲ್ಲಾ ಬೇಕು.”

ಅವರು ನನ್ನ ಮುಖವನ್ನು ಸ್ವಲ್ಪ ಹೆಚ್ಚೇ ಹೊತ್ತು ನೋಡಿದರು. ಬುಟ್ಟಿ ನನ್ನ ಕಡೆ ಸರಿಸಿದರು.

ಪಾಪ ಅನಿಸಿದ್ದರಿಂದ ಅಲ್ಲ. ಇದು ತಂತ್ರ. ಈಗಲೇ ಹೇಳಿಬಿಟ್ಟರೆ ಅವರು ಸಿಟ್ಟಿನಲ್ಲಿ ನಾಳೆಯೇ ರುಜು ಹಾಕಿಬಿಡುತ್ತಾರೆ. ಅಸ್ತ್ರವನ್ನು ಸಮಯ ನೋಡಿ ಬಿಡಬೇಕು. ಅಲ್ಲಿಯವರೆಗೆ ಪಾತ್ರೆ ತಿಕ್ಕಬೇಕು, ಅಷ್ಟೆ.

೧೦ ಫೆಬ್ರವರಿ, ಶುಕ್ರವಾರ

ಜಾಲಿ ಬೂದಿ ಎಂಥ ವಸ್ತು! ಪಾತ್ರೆ ಹೊಳೆಯುತ್ತಿವೆ, ಕೈ ಸುಲಿಯುತ್ತಿದೆ.

ಯಜಮಾನರು ದಿನಪತ್ರಿಕೆಯ ಅಂಚಿನಲ್ಲಿ ಹೊಸ ಮನೆಯ ನಕ್ಷೆ ಬರೆಯುತ್ತಾರೆ. ಇವತ್ತಿನ ನಕ್ಷೆಯಲ್ಲಿ ಲಿಫ್ಟ್ ಬಂದಿದೆ. ರಾಯಚೂರಿನ ರಿಪೋರ್ಟ್ ತೋರಿಸಿದೆ. “ಕಾಲೇಜು ಹುಡುಗೂರ ಲ್ಯಾಬ್” ಎಂದು ಮಡಚಿ ಟೇಬಲ್ ಕಾಲಿನ ಕೆಳಗಿಟ್ಟರು. ಟೇಬಲ್ ಅಲ್ಲಾಡುವುದು ನಿಂತಿದ್ದಂತೂ ಹೌದು.

ಇವರು ನಂಬುವುದು ಅದಿರಿನ ಲ್ಯಾಬನ್ನು ತಾನೇ? ಅವರು ಅಂಗಡಿಗೆ ಹೋದ ಮೇಲೆ ಸಲಿಕೆ ತೆಗೆದುಕೊಂಡೆ. ಅದೇ ಕಾಂಪೌಂಡ್ ಬುಡದಲ್ಲಿ ಮೇಲಿನ ಕೆಂಪನ್ನು ಒಂದು ಪೊಟ್ಟಣಕ್ಕೆ ಹಾಕಿದೆ. ಅದೇ ಜಾಗದಲ್ಲಿ ಗೇಣು ಕೆಳಗೆ ಹೋದರೆ ಮಣ್ಣು ಕಪ್ಪು, ನಡುನಡುವೆ ಸುಣ್ಣದ ಹರಳು. ಅದನ್ನು ಇನ್ನೊಂದು ಪೊಟ್ಟಣಕ್ಕೆ ಹಾಕಿದೆ. ಅತ್ತೆಮ್ಮ ಹಿಂದಿನ ಬಾಗಿಲಲ್ಲಿ ನಿಂತು ನೋಡುತ್ತಿದ್ದರು.

“ಏನ ಹುಡಕಾಕತ್ತಿ?”

“ನಿಮ್ಮ ಮಗನ ಲಿಫ್ಟ್.”

ನಕ್ಕರು. ನಮ್ಮ ಅತ್ತೆಮ್ಮನಿಗೆ ಮುಂದಿನ ಒಂದು ಹಲ್ಲು ಓರೆ ಇದೆ ಎನ್ನುವುದು ಇಷ್ಟು ವರ್ಷ ಗೊತ್ತೇ ಇರಲಿಲ್ಲ.

೧೨ ಫೆಬ್ರವರಿ, ಭಾನುವಾರ

ಕರಾರಿನ ದಿನ. ಜಂಬುನಾಥ್ ಛಾಪಾ ಕಾಗದ ಹಿಡಿದು ಬಂದ. ಅತ್ತೆಮ್ಮ ಕನ್ನಡಕ ಹಾಕಿಕೊಂಡು ಪೆನ್ನು ಹಿಡಿದಿದ್ದರು. ನಾನು ಅದಿರಿನ ಲ್ಯಾಬಿನ ಎರಡು ರಿಪೋರ್ಟ್ ತಂದು ಕಾಗದದ ಮೇಲೆಯೇ ಇಟ್ಟೆ.

“ಅಣ್ಣಾರ, ಇದನ್ನೊಂಚೂರು ಓದ್ರಿ. ಅದ ಲ್ಯಾಬು, ಅದ ಜಾಗ. ಮ್ಯಾಲಿನ ಮಣ್ಣು ಐವತ್ತನಾಲ್ಕು. ಗೇಣು ಕೆಳಗಿಂದು ನಾಲ್ಕು.”

ಜಂಬುನಾಥ್ ಓದಿದ. ನಮ್ಮವರು ಕಸಿದುಕೊಂಡು ಓದಿದರು. ತಿರುಗಿಸಿ ಹಿಂಭಾಗವನ್ನೂ ನೋಡಿದರು, ಉಳಿದ ಐವತ್ತು ಅಲ್ಲೇನಾದರೂ ಇದೆಯೋ ಎಂದು.

“ಹಂಗಾರ ಮ್ಯಾಲಿಂದು ಎಲ್ಲಿಂದ ಬಂತು?”

“ಆಕಾಶದಿಂದ. ಅಣ್ಣಾರ ಲಾರಿಯಿಂದ ಹಾರಿ ಬಂದು ಗ್ವಾಡಿ ಬುಡಕ ಬಿದ್ದದ್ದು. ನೀವು ಮಾರಿದ ತಾಡಪಾಲು ಸುತ್ತಿಟ್ಟಿರ್ತಾರಲ್ಲ, ಆವಾಗ.” ಜಂಬುನಾಥ್ ಕಡೆ ತಿರುಗಿದೆ. “ನಿಮ್ಮ ಮಾಲು ಅಣ್ಣಾರ. ಬೇಕಂದ್ರ ಗುಡಿಸಿ ವಾಪಸ್ ಕೊಡ್ತೀವಿ. ಮೊರ ಐತಿ.”

ಜಂಬುನಾಥ್ ಎದ್ದ. ಚಹಾ ಕುಡಿಯದೆ ಹೋದ. ಯಜಮಾನರು ರಾತ್ರಿ ಊಟದಲ್ಲಿ ಒಂದೇ ಒಂದು ಮಾತಾಡಿದರು: “ಉಪ್ಪಿನಕಾಯಿ.” ಪಾಪ, ಲಿಫ್ಟಿನಲ್ಲಿ ಹತ್ತಿ ಇಳಿಯುವಷ್ಟರಲ್ಲಿ ಮನೆಯೇ ಇರಲಿಲ್ಲ.

ಅತ್ತೆಮ್ಮ ಮಾತ್ರ ಜಂಬುನಾಥ್ ಎದ್ದು ಹೋದ ಕೂಡಲೇ ಪೆನ್ನಿನ ಮುಚ್ಚಳ ಹಾಕಿ ಕೇಳಿದ್ದರು, “ಮತ್ತ ಮಲ್ಲಿಗಿಗೆ ಏನ ಬ್ಯಾನಿ?”

ಮೈಕ್ ಕಟ್ಟಿಸಬೇಕೆಂದಿದ್ದ ಸಮಯ ಇದೇ. ಹಂಪಕ್ಕ ಕೂಡ ಗೋಡೆಯಾಚೆಯಿಂದ ಕಿವಿ ಕೊಟ್ಟಿದ್ದಳು.

“ಧೂಳು” ಎಂದೆ. “ಧೂಳಿಂದು, ಬೋರಿನ ನೀರಿಂದು. ಮತ್ತೇನಿಲ್ಲ.”

“ಮತ್ತೇನಿಲ್ಲ?”

“ಇಲ್ರಿ.”

೧೪ ಫೆಬ್ರವರಿ, ಮಂಗಳವಾರ

ಗೊಬ್ಬರದ ಅಂಗಡಿಯಲ್ಲಿ ಅನ್ನಭೇದಿ ಕೊಂಡೆ. ಅನ್ನಭೇದಿ ಎಂದರೆ ಗಿಡ ಉಣ್ಣಬಲ್ಲ ಕಬ್ಬಿಣ. ಹಡಗುಹಡಗು ಕಬ್ಬಿಣ ಚೀನಾಕ್ಕೆ ಕಳಿಸುವ ಊರಿನಲ್ಲಿ ತಕ್ಕಡಿಯಲ್ಲಿ ತೂಗಿಸಿ ಕಬ್ಬಿಣ ಕೊಂಡುತಂದವಳು ನಾನೊಬ್ಬಳೇ ಇರಬೇಕು. ನೀರಲ್ಲಿ ಕರಗಿಸಿ, ನಿಂಬೆಹುಳಿ ಹಿಂಡಿ, ಎಲೆಗೆ ಸಿಂಪಡಿಸಬೇಕು. ಬುಡಕ್ಕೆ ಸಗಣಿ ಗೊಬ್ಬರ. ಬೋರಿನ ನೀರು ಬಂದ್, ನಲ್ಲಿ ನೀರು ಹಿಡಿದಿಟ್ಟು ಹಾಕಬೇಕು. ಎಲೆಯ ಮೇಲಿನ ಧೂಳು ತೊಳೆಯಬೇಕು.

ಯಜಮಾನರು ಅಂಗಡಿಯಿಂದ ಒಂದು ತಾಡಪಾಲು ತಂದು ರಸ್ತೆ ಕಡೆಯ ಗೋಡೆಯ ಮೇಲೆ ಎತ್ತರಕ್ಕೆ ಕಟ್ಟಿದರು. ಯಾರೂ ಕೇಳಿರಲಿಲ್ಲ. ಇವರ ತಾಡಪಾಲು ಧೂಳು ತಡೆದದ್ದು ಇದೇ ಮೊದಲು.

೨೬ ಫೆಬ್ರವರಿ, ಭಾನುವಾರ

ಶಿವರಾತ್ರಿ. ಹಿತ್ತಲಲ್ಲಿ ಹೂವಿಲ್ಲ. ಮಾರ್ಕೆಟ್ ಹೂವನ್ನು ಎಂದಿನಂತೆ ಸೊಪ್ಪಿನ ಕೆಳಗೆ ಇಟ್ಟು ತರುತ್ತೇನೆಂದರೆ ಅತ್ತೆಮ್ಮ ಬೇಡ ಎಂದರು. ಮೇಲೆಯೇ ಇಟ್ಟು ತಂದೆ. ಗುಡಿಗೆ ಅವರೂ ಬಂದರು; ನನ್ನ ಭುಜ ಹಿಡಿದು ಒಂದೊಂದೇ ಮೆಟ್ಟಿಲು ಹತ್ತಿ, “ಸಂತಿದು ರೀ ಅಯ್ನೋರ. ದೀಪಾವಳಿಯಿಂದ ಸಂತಿದ. ಅಕಿ ನನ್ನ ಸಲುವಾಗಿ ಸುಳ್ಳ ಹೇಳ್ತಿದ್ಲು” ಎಂದುಬಿಟ್ಟರು.

ಅಯ್ನೋರು ಹಾರ ತೆಗೆದುಕೊಂಡರು. ಶಿವ ಏನೂ ಅನ್ನಲಿಲ್ಲ. ಹಿಂದೆ ನಿಂತಿದ್ದ ಹಂಪಕ್ಕನಿಗೆ ಮಾತ್ರ ಉಪವಾಸ ಸಾರ್ಥಕವಾಯಿತು.

೨೦ ಮಾರ್ಚ್, ಸೋಮವಾರ

ಚಿಗುರು. ಹಸಿರು.

ಕೈ ಉರಿ, ಪೆನ್ನು ಹಿಡಿಯಲಾಗುತ್ತಿಲ್ಲ.

೧೦ ಏಪ್ರಿಲ್, ಸೋಮವಾರ

ಬೆಳಿಗ್ಗೆ ಪಾತ್ರೆ ತೊಳೆಯಲು ಹೋದರೆ ಬೂದಿ ಡಬ್ಬಿ ಖಾಲಿ. ಅದರ ಪಕ್ಕ ಪಾತ್ರೆ ತೊಳೆಯುವ ಸೋಪು, ಹೊಸದು. ಒಂದು ಬಟ್ಟಲಲ್ಲಿ ಕೊಬ್ಬರಿ ಎಣ್ಣೆ. ಅತ್ತೆಮ್ಮ ಹಿಂದಿನ ಬಾಗಿಲ ಮೆಟ್ಟಿಲ ಮೇಲೆ ಕೂತಿದ್ದರು.

“ಬೂದಿ ಎಲ್ಲೈತ್ರಿ?”

“ಗಟಾರಕ್ಕ ಚೆಲ್ಲೀನಿ. ಕೈ ತಾ ಇಲ್ಲಿ.” ನನ್ನ ಒಡೆದ ಕೈಗೆ ಎಣ್ಣೆ ಹಚ್ಚತೊಡಗಿದರು. “ಸೋಪು ಆಗವಲ್ದು ಅಂದಿದ್ದಿ. ಬೂದಿ ಭಾಳ ಆಗಿ ಬಂದಂಗ ಕಾಣ್ತೈತಿ.”

ಕೈ ಹಿಂದಕ್ಕೆಳೆದುಕೊಳ್ಳಲು ನೋಡಿದೆ, ಬಿಡಲಿಲ್ಲ.

“ಕಣ್ಣ ಮಂಜಾಗ್ಯಾವ ನನಗ, ಕಿವಿ ಅಲ್ಲ. ನಿನ್ನ ತಂಗಿ ಅವತ್ತ ಒದರಿದ್ದು ಕಂಪ್ಲಿಗೂ ಕೇಳಿರಬೇಕು. ಬೂದಿ! ಅತ್ತಿ ಬೂದಿ!”

ಅಂದರೆ ಮೊದಲ ದಿನದಿಂದ ಗೊತ್ತಿತ್ತು. ನಾನು ಎರಡು ತಿಂಗಳು ಚರ್ಮ ಸುಲಿದುಕೊಂಡು ತಿಕ್ಕುತ್ತಿದ್ದರೆ ಈ ಮಹಾತಾಯಿ ಪಕ್ಕದಲ್ಲೇ ಕೂತು ಅಕ್ಕಿ ಆರಿಸುತ್ತಿದ್ದರು! ನಿಜವಾಗಿ ಸಿಟ್ಟು ಬಂತು.

“ಗೊತ್ತಿದ್ದೂ ಯಾಕ್ರಿ ಸುಮ್ಮನಿದ್ರಿ?”

“ನೀ ಎಷ್ಟ ದಿವಸ ಸುಮ್ಮನಿರ್ತಿ ನೋಡೂಣು ಅಂತ. ಮರುದಿವಸ ಬೂದಿ ಹಾಕಿ ಬರ್ತೀನಿ ಅಂದದ್ದೂ ಅದಕ್ಕ” ಎಂದರು, ಇನ್ನೊಂದು ಕೈ ಎಳೆದುಕೊಳ್ಳುತ್ತಾ. “ಹಂಪಕ್ಕನ ಮುಂದೂ ಬಾಯಿ ಬಿಡಲಿಲ್ಲಲ್ಲ ನೀನು. ನಾನಾಗಿದ್ದರ ಅವತ್ತ ಓಣಿ ತುಂಬ ಸಾರಿ ಬರ್ತಿದ್ದೆ.”

ಅದಂತೂ ನಿಜ. ನನಗೆ ಅಳು ಬಂತು. ಎಣ್ಣೆ ಒಡಕಿನೊಳಗೆ ಇಳಿದು ಬಹಳ ಉರಿಯುತ್ತಿತ್ತು.

ಆಮೇಲೆ ಇಬ್ಬರೂ ಹಿತ್ತಲಿಗೆ ಹೋಗಿ ಮಲ್ಲಿಗೆ ಬಿಡಿಸಿದೆವು. ಒಂದು ಬೊಗಸೆಯೂ ಆಗಲಿಲ್ಲ. ಮಾರ್ಕೆಟ್ ಹೂ ಸೇರಿಸೋಣವೇ ಎಂದರೆ ಅತ್ತೆಮ್ಮ ಒಪ್ಪಲಿಲ್ಲ. ಹಾರ ಗೇಣುದ್ದವಾಯಿತು. ಲಿಂಗವನ್ನು ಸುತ್ತಿ ಬರಲಿಲ್ಲ, ಅಯ್ನೋರು ಹಾಗೇ ನೆತ್ತಿಯ ಮೇಲೆ ಇಟ್ಟರು. ಇಟ್ಟು, ಅಭ್ಯಾಸಬಲದಿಂದಲೋ ಏನೋ, ಕೇಳಿದರು.

“ಹಿತ್ತಲದ್ದೇನವ್ವ?”

“ಹೂಂರಿ” ಎಂದೆ. “ನಮ್ಮ ಹಿತ್ತಲದ್ದ.”